ಮೇಲಿನ ಮನೆಯ ಕಂತು

ನಮ್ಮ ಮನೆಗೆ ಬಂದವರೆಲ್ಲ ಮೊದಲು ಕೇಳುತ್ತಿದ್ದ ಪ್ರಶ್ನೆ ಒಂದೇ: "ಹಗಲು ಹೊತ್ನಲ್ಲಿ ಯಾಕ್ರೀ ಲೈಟ್ ಹಾಕಿದೀರ?" ಉತ್ತರಹಳ್ಳಿಯಲ್ಲಿ ಇಪ್ಪತ್ತು ಮೂವತ್ತರ ಸೈಟಿನಲ್ಲಿ ಕಟ್ಟಿದ ಮನೆ ಅದು. ನಮ್ಮ ಅಡುಗೆಮನೆಯ ಕಿಟಕಿಗೂ ಪಕ್ಕದ ಮನೆಯ ಗೋಡೆಗೂ ನಡುವೆ ಎರಡಡಿ ಜಾಗ. ಲೈಟ್ ಹಾಕದಿದ್ದರೆ ಸಾಸಿವೆ ಯಾವುದು, ರಾಗಿ ಯಾವುದು ತಿಳಿಯುತ್ತಿರಲಿಲ್ಲ. ಅದೇ ಕಟ್ಟಡದ ಮೊದಲ ಮಹಡಿಯಲ್ಲಿ ಬೆಳಗ್ಗೆ ಏಳಕ್ಕೇ ಬಿಸಿಲು ಬೀಳುವ ಬಾಲ್ಕನಿ, ಎರಡು ರೂಮು, ಪೂರ್ವಕ್ಕೆ ಕಿಟಕಿಯಿರುವ ಅಡುಗೆಮನೆ ಎಲ್ಲ ಇದ್ದವು. ಅದೂ ನಮ್ಮದೇ. ಅದನ್ನು ಬಾಡಿಗೆಗೆ ಕೊಟ್ಟಿದ್ದೆವು.

ಸಾಲ ಮಾಡಿ ಮನೆ ಕಟ್ಟುವ ನಮ್ಮ ಕಡೆಯವರ ಪದ್ಧತಿಯೇ ಇದು. ಒಳ್ಳೆಯ ಮನೆ ಬಾಡಿಗೆಯವರಿಗೆ, ಉಳಿದದ್ದು ಮಾಲೀಕರಿಗೆ. ಬಾಡಿಗೆಯಿಂದ ಕಂತಿನ ಮುಕ್ಕಾಲು ಪಾಲು ಹುಟ್ಟುತ್ತದೆ, ಉಳಿದ ಕಾಲು ಪಾಲು ಸಂಬಳದಿಂದ. ಸಾಲ ತೀರಿದ ದಿನ ಮೇಲಿನ ಮನೆಗೆ ನಾವೇ ಹೋಗುವುದು. ನಮ್ಮ ಬೀದಿಯಲ್ಲೇ ಹೀಗೆ ಕೆಳಗೆ ಕತ್ತಲಲ್ಲಿ ಕೂತು ಕಾಯುತ್ತಿದ್ದ ಮಾಲೀಕರು ಆರೇಳು ಮಂದಿ ಇದ್ದರು. ಒಬ್ಬರಿಗೊಬ್ಬರು ಧೈರ್ಯ ಹೇಳಿಕೊಳ್ಳುತ್ತಿದ್ದೆವು.

ಮೇಲಿನ ಮನೆಯನ್ನು ಕಟ್ಟಿಸಿದ್ದೇ ನಮ್ಮ ಅತ್ತೆಗಾಗಿ. ಸೈಟು ಮಾವ ಕೊಂಡದ್ದು, ಅತ್ತೆಯ ಹೆಸರಿನಲ್ಲಿ. ಮದುವೆಯಾದಾಗಿನಿಂದ ಅವರು ಜಯನಗರ, ಬನಶಂಕರಿಯ ಬಾಡಿಗೆ ಮನೆಗಳಲ್ಲೇ ಬಾಳಿದವರು, ಅದೂ ಮಾಲೀಕರ ಮನೆಯ ಹಿಂಭಾಗದ ಪುಟ್ಟ ಭಾಗಗಳಲ್ಲಿ. ನಾಲ್ಕು ಹಪ್ಪಳ ಒಣಗಿಸಬೇಕೆಂದರೂ ಮಾಲೀಕರ ಹೆಂಡತಿಯನ್ನು ಕೇಳಿ ತಾರಸಿಯ ಬೀಗದ ಕೈ ಪಡೆಯಬೇಕಿತ್ತು. ಮನೆ ಕಟ್ಟುವಾಗ ಏನು ಬೇಕು ಎಂದು ಕೇಳಿದರೆ, "ಬಿಸಿಲು ಬೀಳೋ ಒಂದು ಜಾಗ ಬೇಕು ಕಣೋ. ಯಾರನ್ನೂ ಕೇಳ್ದೆ ಕೂತ್ಕೊಳ್ಳೋ ಹಾಗಿರ್ಲಿ, ಅಷ್ಟು ಸಾಕು" ಎಂದರು ಮಗನಿಗೆ. ಗಾರೆಯವರ ಎದುರಿಗೇ ಒಂದು ಕುರ್ಚಿ, ಪಕ್ಕದಲ್ಲಿ ಒಂದು ಮೊರ ಇಟ್ಟು ಬಾಲ್ಕನಿಯ ಅಗಲ ಅಳೆಸಿದರು.

ಸೈಟು ಅವರದಾದ್ದರಿಂದ ಸಾಲದ ಪತ್ರಗಳಿಗೂ ಅವರ ಸಹಿ ಬೇಕಾಯಿತು. ಹಳೆಯ ಕ್ಯಾಲೆಂಡರಿನ ಹಾಳೆಗಳ ಹಿಂದೆ ಎರಡು ದಿನ ಸಹಿ ಅಭ್ಯಾಸ ಮಾಡಿಕೊಂಡು ಬಂದು, ನಲವತ್ತೋ ಐವತ್ತೋ ಕಡೆ ಒಂದೇ ತೆರನಾಗಿ ಹಾಕಿದರು. ಆಗ ಅವರಿಗೆ ಅರವತ್ತಮೂರು. "ಹದಿನೈದು ವರ್ಷ ಅಂದ್ರೆ ನಂಗೆ ಎಪ್ಪತ್ತೆಂಟು. ಪರವಾಗಿಲ್ಲ, ಇರ್ತೀನಿ" ಎಂದು ಮನಸ್ಸಿನಲ್ಲೇ ಕೂಡಿಸಿ ಹೇಳಿದರು. ನೀರಿನ ಟ್ಯಾಂಕ್ ತುಂಬಿತೇ ಎಂದು ನೋಡಲು ದಿನಕ್ಕೆ ಮೂರು ಸಲ ತಾರಸಿ ಹತ್ತಿ ಇಳಿಯುತ್ತಿದ್ದ ಕಾಲ ಅದು. ನಾನೇ ಅವರ ಹಿಂದೆ ಏದುಸಿರು ಬಿಡುತ್ತಿದ್ದೆ.

ಇನ್ನು ನಾವು ಮಾಡಿದ ತಪ್ಪಿನ ವಿಷಯ. ಸಾಲದ ಫೈಲನ್ನು ನಾವು ದೇವರ ಮನೆಯಲ್ಲಿಟ್ಟಿದ್ದೆವು. ಮನೆ ಕೊಟ್ಟ ಫೈಲಲ್ಲವೇ! ಪ್ರತಿ ವರ್ಷ ಆಯುಧಪೂಜೆಯ ದಿನ ಸ್ಕೂಟರಿಗೆ, ಮಿಕ್ಸಿಗೆ, ಈಳಿಗೆಮಣೆಗೆ ಅರಿಶಿನ ಕುಂಕುಮ ಇಡುವಾಗ ಆ ಫೈಲಿಗೂ ಇಟ್ಟು ಒಂದು ಸೇವಂತಿಗೆ ಏರಿಸುತ್ತಿದ್ದೆ. ಸಾಲ ಕೊಟ್ಟ ಆಫೀಸಿನಿಂದ ಆಗಾಗ ಕಾಗದ ಬರುತ್ತಿತ್ತು. ನಮ್ಮವರು ಕವರನ್ನು ಬೆಳಕಿಗೆ ಹಿಡಿದು, "ಚೆಕ್ ಏನಿಲ್ಲ" ಎಂದು ನಗುತ್ತಾ ನನ್ನ ಕೈಗೆ ಕೊಡುತ್ತಿದ್ದರು. ನಾನು ಅದನ್ನು ಒಡೆಯದೆ ಫೈಲಿಗೆ ಸೇರಿಸುತ್ತಿದ್ದೆ. ಕಳೆದುಹೋಗಬಾರದು ಎಂಬ ಎಚ್ಚರ ಇತ್ತು, ಓದಬೇಕು ಎಂಬ ಬುದ್ಧಿ ಇರಲಿಲ್ಲ. ನಾನು ಜಯನಗರದ ಒಂದು ರಕ್ತ ಪರೀಕ್ಷೆಯ ಲ್ಯಾಬಿನಲ್ಲಿ ಕೆಲಸ ಮಾಡುವವಳು. ದಿನಕ್ಕೆ ನೂರು ಜನರ ರಿಪೋರ್ಟಿನಲ್ಲಿ ಒಂದು ಚುಕ್ಕಿ ಆಚೀಚೆ ಆಗದ ಹಾಗೆ ನೋಡುತ್ತೇನೆ. ನನ್ನ ಮನೆಯ ಕಾಗದಗಳಿಗೆ ಮಾತ್ರ ಕುಂಕುಮ ಹಚ್ಚಿ ಕೈಮುಗಿದೆ.

ನಮಗೆ ಒಂದು ಜಂಬವೂ ಇತ್ತು. ಬಡ್ಡಿ ಏರಿತು, ಕಂತು ಏರಿತು ಎಂದು ಎದುರು ಮನೆಯವರು ಗೋಳಾಡುತ್ತಿದ್ದಾಗ ನಮ್ಮ ಕಂತು ಒಂದು ರೂಪಾಯಿಯೂ ಏರಿರಲಿಲ್ಲ. ಮೊದಲ ತಿಂಗಳು ಇಪ್ಪತ್ತಾರು ಸಾವಿರದ ನೂರ ಆರು, ಹನ್ನೊಂದನೇ ವರ್ಷವೂ ಅಷ್ಟೇ. "ನಮ್ದು ಒಳ್ಳೆ ಆಫೀಸು" ಎಂದು ನಮ್ಮವರು ಬೀದಿಯಲ್ಲಿ ಹೇಳಿಕೊಂಡು ತಿರುಗಿದರು.

ಹತ್ತನೇ ವರ್ಷ ಅತ್ತೆಯ ಮಂಡಿ ಹಿಡಿದುಕೊಂಡಿತು. ಮೊದಲು ತಾರಸಿಗೆ ಹೋಗುವುದು ನಿಂತಿತು, ಆಮೇಲೆ ದೇವಸ್ಥಾನದ ಮೂರು ಮೆಟ್ಟಿಲಿಗೂ ನನ್ನ ಭುಜ ಬೇಕಾಯಿತು. ಹನ್ನೊಂದನೇ ವರ್ಷದ ಕೊನೆಗೆ ಮೂಳೆ ಡಾಕ್ಟರು ಎಕ್ಸರೇ ನೋಡಿ, ಶುಗರ್ ಮತ್ತು ಹೃದಯದ ಸ್ಥಿತಿ ನೋಡಿದರೆ ಆಪರೇಷನ್ ಬೇಡ ಎಂದರು. ನಾನು ಮೆಲ್ಲಗೆ, "ಮೆಟ್ಟಿಲು ಹತ್ತಬಹುದಾ ಡಾಕ್ಟ್ರೇ?" ಎಂದು ಕೇಳಿದೆ. "ಇನ್ನೊಂದು ವರ್ಷ ಹತ್ತಬಹುದೇನೋಮ್ಮ, ಯಾರಾದ್ರೂ ಹಿಡ್ಕೊಂಡ್ರೆ. ಆಮೇಲೆ ನಾನು ಮಾತು ಕೊಡಲ್ಲ" ಎಂದರು. ಮನೆಯ ಗೇಟಿನಲ್ಲಿ ಆಟೋ ಇಳಿದು ಅತ್ತೆ ಒಂದು ಕ್ಷಣ ಕತ್ತೆತ್ತಿ ಬಾಲ್ಕನಿ ನೋಡಿದರು. ಅಲ್ಲಿ ಬಾಡಿಗೆಯವರ ಮಕ್ಕಳ ಯೂನಿಫಾರಂ ಒಣಗುತ್ತಿತ್ತು.

ಆ ದಿನವೇ ನಾನು ನಿರ್ಧಾರ ಮಾಡಿದೆ. ಹದಿನೈದರಲ್ಲಿ ಹನ್ನೊಂದು ಮುಗಿದಿದೆ, ನಾಲ್ಕು ವರ್ಷದ ಸಾಲ ಉಳಿದಿದೆ. ನಮ್ಮವರ ಪಿಎಫ್ ಸ್ವಲ್ಪ, ನನ್ನ ಎರಡು ಬಳೆ, ಒಂದು ಸರ. ತೀರಿಸಿ ಈ ವರ್ಷವೇ ಅತ್ತೆಯನ್ನು ಮೇಲಕ್ಕೆ ಕರೆದುಕೊಂಡು ಹೋಗುವುದು. ಅರ್ಧ ದಿನ ರಜೆ ಹಾಕಿ, ಫೈಲನ್ನು ಬಟ್ಟೆಯ ಚೀಲದಲ್ಲಿಟ್ಟುಕೊಂಡು ಸಾಲದ ಆಫೀಸಿಗೆ ಹೋದೆ.

ಕೌಂಟರಿನಲ್ಲಿದ್ದ ಹುಡುಗಿ ಒಳ್ಳೆಯವಳು. ಕಂಪ್ಯೂಟರಿನಲ್ಲಿ ನೋಡಿ, "ಮೇಡಂ, ಇನ್ನೂ ಎಂಟು ವರ್ಷ ಮೂರು ತಿಂಗಳಿದೆ" ಎಂದಳು.

"ನಾಲ್ಕು ವರ್ಷ ಅಲ್ವೇನಮ್ಮ? ಸರಿಯಾಗಿ ನೋಡು. ನಮ್ದು ಕಂತು ಒಂದೂ ತಪ್ಪಿಲ್ಲ."

"ತಪ್ಪಿಲ್ಲ ಮೇಡಂ. ಬಡ್ಡಿ ಜಾಸ್ತಿಯಾದಾಗ ಕಂತು ಏರಿಸ್ಲಿಲ್ಲ, ಅದ್ರ ಬದ್ಲು ವರ್ಷ ಏರ್ಸಿದಾರೆ. ಪ್ರತಿ ಸಲ ಲೆಟರ್ ಕಳ್ಸಿದೀವಲ್ಲ?"

ಫೈಲು ನನ್ನ ತೊಡೆಯ ಮೇಲೇ ಇತ್ತು. ಅಲ್ಲೇ ಕೂತು ಕವರುಗಳನ್ನು ಒಂದೊಂದಾಗಿ ಒಡೆದೆ. ಹುಡುಗಿ ಹೇಳಿದ್ದೆಲ್ಲ ಅದರಲ್ಲಿತ್ತು, ಕುಂಕುಮದ ಕಲೆಯ ನಡುವೆ. ಅವಳು ಒಂದು ಹಾಳೆ ಪ್ರಿಂಟ್ ತೆಗೆದು ಬೆರಳಿಟ್ಟು ತೋರಿಸಿದಳು. ತೆಗೆದುಕೊಂಡದ್ದು ಇಪ್ಪತ್ತೈದು ಲಕ್ಷ. ಹನ್ನೊಂದು ವರ್ಷದಲ್ಲಿ ಕಟ್ಟಿದ್ದು ಮೂವತ್ತನಾಲ್ಕು ಲಕ್ಷಕ್ಕೂ ಮೇಲೆ. ಇನ್ನೂ ಬಾಕಿ ಸುಮಾರು ಹದಿನೇಳು ಲಕ್ಷ. ಮೊದಲ ವರ್ಷಗಳಲ್ಲಿ ನಾವು ಕಟ್ಟಿದ್ದರಲ್ಲಿ ಹೆಚ್ಚಿನದು ಬಡ್ಡಿಗೇ ಹೋಗಿತ್ತು, ಅಸಲನ್ನು ಮುಟ್ಟಿದ್ದು ಬರೀ ಪುಡಿಗಾಸು. ಇದರ ಮೇಲೆ, ಹೊಸದಾಗಿ ಬಂದವರಿಗೆ ಕಡಿಮೆ ಬಡ್ಡಿಯಂತೆ. ನಮ್ಮಂಥ ಹಳಬರಿಗೂ ಕೊಡುತ್ತಾರಂತೆ, ಅರ್ಜಿ ಹಾಕಿ ಒಂದಿಷ್ಟು ಫೀಸು ಕಟ್ಟಿದರೆ. ಕೇಳದವರಿಗೆ ಇಲ್ಲ.

ನನಗೆ ಅವಳ ಮೇಲೆ ಸಿಟ್ಟು ಬಂತು. ತಪ್ಪು ಅವಳದಲ್ಲ ಎಂದು ಗೊತ್ತಿದ್ದರೂ ಬಂತು. "ಮುಂಚೆ ಯಾಕ್ ಹೇಳ್ಲಿಲ್ಲ?" ಎಂದು ಜೋರಾಗಿ ಕೇಳಿಬಿಟ್ಟೆ. ಅವಳು ನನ್ನ ಮುಂದೆ ನೀರಿನ ಲೋಟ ಇಟ್ಟು, ಅರ್ಜಿಯ ಫಾರಂ ತಾನೇ ತುಂಬಿಕೊಟ್ಟಳು. ಅದರಿಂದ ಹನ್ನೊಂದು ತಿಂಗಳು ಕಡಿಮೆಯಾಯಿತು. ಹೊರಗೆ ಬಂದು ಬಸ್ ಸ್ಟಾಪಿನಲ್ಲಿ ಕೂತು ಅತ್ತುಬಿಟ್ಟೆ. ನನ್ನ ಬಳೆ, ಸರ ಎಲ್ಲ ಸೇರಿದರೂ ಆ ಹದಿನೇಳು ಲಕ್ಷದ ಹತ್ತಿರವೂ ಸುಳಿಯುತ್ತಿರಲಿಲ್ಲ.

ಸಂಜೆ ನಮ್ಮವರಿಗೆ ಹೇಳಿದೆ. ಅವರು ಹಾಳೆಯನ್ನು ಎರಡು ಸಲ ಓದಿ, "ಅಮ್ಮಂಗೆ ನಾಲ್ಕು ವರ್ಷ ಅಂತಾನೇ ಹೇಳು" ಎಂದರು. ಸುಳ್ಳು ಹೇಳುವುದು ನನಗೆ ಬರುವುದಿಲ್ಲ, ಬಂದರೂ ಅತ್ತೆಯ ಮುಂದೆ ನಡೆಯುವುದಿಲ್ಲ. ಅಡುಗೆಮನೆಯಲ್ಲಿ ಹುರುಳಿಕಾಯಿ ಸೋಸುತ್ತಿದ್ದವರು ನನ್ನ ಮುಖ ನೋಡಿ, "ಎಷ್ಟು ವರ್ಷ ಅಂದ್ರು?" ಎಂದು ನೇರವಾಗಿ ಕೇಳಿದರು. ಏಳು ವರ್ಷ ನಾಲ್ಕು ತಿಂಗಳು ಎಂದೆ. ಅವರು ಹುರುಳಿಕಾಯಿಯ ನಾರು ಎಳೆಯುವುದನ್ನು ನಿಲ್ಲಿಸದೆ, "ಹಾಗಾದ್ರೆ ಎಂಬತ್ತೊಂದು. ಸಹಿ ಬೇರೆ ಹಾಕಿದೀನಲ್ಲ, ಅಲ್ಲೀವರ್ಗೂ ಇರ್ಲೇಬೇಕು" ಎಂದು ನಕ್ಕರು. ಆ ನಗುವನ್ನು ನನಗೆ ಸಹಿಸಲಾಗಲಿಲ್ಲ.

ಆ ರಾತ್ರಿ ಊಟದ ನಂತರ ನಾನು ನಮ್ಮವರ ಜೊತೆ ಜಗಳಕ್ಕೇ ನಿಂತೆ. ಬಾಡಿಗೆಯವರನ್ನು ಕೆಳಗಿಳಿಸಿ ನಾವು ಮೇಲಿನ ಮನೆಗೆ ಹೋಗೋಣ, ಈ ತಿಂಗಳೇ, ಎಂದೆ. "ಕೆಳಗಿನ ಮನೆಗೆ ಅರ್ಧ ಬಾಡಿಗೆನೂ ಬರಲ್ಲ. ಉಳಿದದ್ದು ಎಲ್ಲಿಂದ ತರೋಣ? ಲೆಕ್ಕ ಹಾಕಿ ಮಾತಾಡು" ಎಂದರು. ಹನ್ನೊಂದು ವರ್ಷ ಲೆಕ್ಕ ಹಾಕಿದ್ದೇ ಸಾಕು, ಅದರಲ್ಲಿ ಅಮ್ಮನ ಮಂಡಿಯನ್ನು ಯಾರೂ ಸೇರಿಸಲಿಲ್ಲ ಎಂದೆ. ಕೊನೆಗೆ ಅವರು, ಹಳೆಯ ಸ್ಕೂಟರನ್ನೇ ಇನ್ನೂ ಮೂರು ವರ್ಷ ಓಡಿಸುತ್ತೇನೆ ಎಂದರು. ಒಪ್ಪಿದೆ ಎನ್ನುವುದಕ್ಕೆ ಅದು ಅವರ ಮಾತು. ನಾನು ಭಾನುವಾರಗಳಂದು ಮನೆಮನೆಗೆ ಹೋಗಿ ರಕ್ತದ ಸ್ಯಾಂಪಲ್ ತರುವ ಕೆಲಸ ಒಪ್ಪಿಕೊಂಡೆ. ಈಗಲೂ ಮಾಡುತ್ತೇನೆ. ಬೆಳಗ್ಗೆ ಆರಕ್ಕೇ ಜರಗನಹಳ್ಳಿಯ ಬಾಗಿಲುಗಳನ್ನು ತಟ್ಟುತ್ತಾ ಹೋಗುವಾಗ ಆ ಸಾಲದ ಆಫೀಸನ್ನು ಬೈದುಕೊಳ್ಳುತ್ತೇನೆ, ನನ್ನನ್ನೂ ಸೇರಿಸಿ.

ಬಾಡಿಗೆಯವರು ಹುಬ್ಬಳ್ಳಿ ಕಡೆಯ ಗಂಡ ಹೆಂಡತಿ, ಇಬ್ಬರು ಮಕ್ಕಳು. ಅವರನ್ನು ಕೇಳಲು ನನಗೆ ನಾಚಿಕೆಯಾಗಿತ್ತು. ಆ ಹೆಣ್ಣುಮಗಳು ಗಾಬರಿಯಿಂದ, "ಮನಿ ಖಾಲಿ ಮಾಡಬೇಕೇನ್ರಿ ಅಕ್ಕಾರ?" ಎಂದಳು. ವಿಷಯ ತಿಳಿದ ಮೇಲೆ ಸಮಾಧಾನವಾಗಿ, "ಬಾಡಗಿ ಕಡಿಮಿ ಆಗ್ತದಂದ್ರ ನಮಗೂ ಚಲೋ ಆತ್ರಿ. ಬೇಗೂರಾಗ ಒಂದು ಫ್ಲ್ಯಾಟ್ ನೋಡೇವಿ. ಇಪ್ಪತ್ತೈದು ವರ್ಷದ ಲೋನ್ ಕೊಡ್ತಾರಂತ" ಎಂದಳು. ನಾನು ಅವಳ ಕೈ ಹಿಡಿದು ಕೂರಿಸಿಕೊಂಡು ನನ್ನ ಹಾಳೆಯನ್ನು ಸಾಲುಸಾಲಾಗಿ ಓದಿಸಿದೆ. ಫ್ಲ್ಯಾಟ್ ಬೇಡ ಎಂದು ಹೇಳಲಿಲ್ಲ; ಮನೆಯ ಆಸೆ ನನಗೂ ಗೊತ್ತು. ಒಟ್ಟು ಎಷ್ಟು ಕಟ್ಟಬೇಕು ಎಂದು ಮೊದಲು ಕೇಳು, ಬರುವ ಪ್ರತಿ ಕಾಗದವನ್ನೂ ಒಡೆದು ಓದು, ಕೈಯಲ್ಲಿ ಹೆಚ್ಚು ಬಂದಾಗೆಲ್ಲ ಅಸಲಿಗೆ ಕಟ್ಟು ಎಂದಷ್ಟೇ ಹೇಳಿದೆ.

ಒಂದು ಶುಕ್ರವಾರ ಸಾಮಾನು ಅದಲುಬದಲಾಯಿತು. ಹಾಲು ಉಕ್ಕಿಸುವ ಮೊದಲು ಅತ್ತೆಯನ್ನು ಹತ್ತಿಸಬೇಕಿತ್ತು. ಹದಿನೆಂಟು ಮೆಟ್ಟಿಲು. ನಮ್ಮವರು ಹಿಂದೆ, ನಾನು ಪಕ್ಕದಲ್ಲಿ. ಆರು ಮೆಟ್ಟಿಲಿಗೊಮ್ಮೆ ಸ್ಟೂಲ್ ಹಾಕಿ ಕೂರಿಸಿದೆವು. ಅವರ ತುಟಿ ಬೆಳ್ಳಗಾಗಿತ್ತು, ಕುರ್ಚಿಯಲ್ಲಿ ಹೊತ್ತುಕೊಂಡು ಹೋಗುತ್ತೇವೆ ಎಂದರೆ ಒಪ್ಪಲಿಲ್ಲ. "ಬಾಲ್ಕನಿ ಅಳತೆ ಕೊಟ್ಟೋಳು ನಾನು, ನಡ್ಕೊಂಡೇ ಹೋಗ್ತೀನಿ" ಎಂದರು. ಅರ್ಧ ಗಂಟೆ ಹಿಡಿಯಿತು. ಮೇಲೆ ತಲುಪಿ, ಬಾಗಿಲ ಚೌಕಟ್ಟು ಹಿಡಿದು ಉಸಿರು ಸರಿಮಾಡಿಕೊಂಡು, "ಇನ್ನು ಇಳಿಯೋಕಾಗಲ್ಲ ಕಣೇ ನನ್ ಕೈಲಿ" ಎಂದರು.

ಅದು ನಿಜವಾಯಿತು. ಅವರು ಇಳಿದೇ ಇಲ್ಲ. ಸೊಪ್ಪಿನ ಗಾಡಿಯ ಹತ್ತಿರ ನಿಂತು ಚೌಕಾಸಿ ಮಾಡುವುದು, ಎದುರು ಮನೆಯವರ ಜೊತೆ ಗೇಟಿನಲ್ಲಿ ಹರಟುವುದು, ಶನಿವಾರದ ದೇವಸ್ಥಾನ, ಎಲ್ಲ ಕೆಳಗೇ ಉಳಿದವು. ಹನ್ನೊಂದು ವರ್ಷದ ಹಿಂದೆಯೇ ಬಂದಿದ್ದರೆ ಅವರಿಗೆ ಬಾಲ್ಕನಿಯೂ ಇರುತ್ತಿತ್ತು, ಬೀದಿಯೂ ಇರುತ್ತಿತ್ತು. ಈಗ ಒಂದನ್ನು ಕೊಟ್ಟು ಇನ್ನೊಂದನ್ನು ತೆಗೆದುಕೊಂಡೆವು. ಬಡ್ಡಿಗಾದರೆ ಅರ್ಜಿ ಹಾಕಬಹುದು. ಅವರ ಕಾಲಿನಲ್ಲಿ ಶಕ್ತಿಯಿದ್ದ ಆ ವರ್ಷಗಳನ್ನು ಯಾವ ಕೌಂಟರಿನಲ್ಲಿ ಕೇಳಲಿ?

ಮೊನ್ನೆ ಲ್ಯಾಬಿಗೆ ಹೊರಡುವಾಗ ಅತ್ತೆ ಬಾಲ್ಕನಿಯಲ್ಲಿ ಚಾಪೆ ಹಾಕಿಕೊಂಡು ಕೂತಿದ್ದರು. ಕಾಲು ಚಾಚಿ ಮಂಡಿಗೆ ಬಿಸಿಲು ಬೀಳುವ ಹಾಗೆ ಸೀರೆಯನ್ನು ಸ್ವಲ್ಪ ಮೇಲೆತ್ತಿಕೊಂಡಿದ್ದರು. ಹೋಗಿಬರ್ತೀನಿ ಎಂದೆ. ಅವರು ನನ್ನ ಕಡೆ ತಿರುಗಿ, "ಇಷ್ಟು ಚೆನ್ನಾಗಿದೆಯಲ್ಲೇ ಇಲ್ಲಿ. ಇಷ್ಟು ದಿನ ಯಾಕೆ ಕಾದ್ವಿ ನಾವು?" ಎಂದು ಕೇಳಿದರು. ದೂರಿನ ದನಿಯಲ್ಲ ಅದು, ನಿಜವಾಗಿಯೂ ಗೊತ್ತಾಗದೆ ಕೇಳಿದ್ದು. ಬಸ್ಸಿಗೆ ಹೊತ್ತಾಗಿತ್ತು. ನಾನು ಚೀಲ ಕೆಳಗಿಟ್ಟು ಚಪ್ಪಲಿ ಬಿಟ್ಟು ಅವರ ಪಕ್ಕದಲ್ಲಿ ಕೂತೆ. ಅವರು ಚಾಪೆಯಲ್ಲಿ ಜಾಗ ಮಾಡಿಕೊಟ್ಟರು.