ಬಾಗಿಲಾಚೆಯ ಟೋಪಿ

ತಾವೇ ಸೆರೆಹಿಡಿದ ದೃಶ್ಯಕ್ಕೆ ತಾವೇ ಕತ್ತರಿ ಹಾಕುವ ಎದೆಗಾರಿಕೆ ಚಿತ್ರರಂಗದಲ್ಲಿ ಎಲ್ಲರಿಗೂ ಇರುವುದಿಲ್ಲ. ಛಾಯಾಗ್ರಹಣ, ಸಂಕಲನ ಎರಡರಲ್ಲೂ ಪಳಗಿ, ಇದೀಗ ನಮ್ಮ ಸ್ಟುಡಿಯೊದಿಂದ ನಿವೃತ್ತರಾಗುತ್ತಿರುವ ಕತ್ತರಿಯಕ್ಕನವರು ಅಂಥ ವಿರಳರಲ್ಲಿ ಒಬ್ಬರು. ಆ ಅಡ್ಡಹೆಸರನ್ನು ಬೆನ್ನ ಹಿಂದೆ ಇಟ್ಟವರು ನಾವು. ಕೇಳಿಸಿಕೊಂಡು, ಅದನ್ನೇ ತಮ್ಮ ಕೋಣೆಯ ಬಾಗಿಲಿಗೆ ಬರೆಸಿದವರು ಅವರು.

ಲೈಟು ಹೊರುವವರ ನಡುವೆ ಒಬ್ಬರೇ ಹೆಣ್ಣಾಗಿ ಸೇರಿದ ಅವರು ಕ್ಯಾಮೆರಾ ಹಿಡಿದು ಹೆಸರು ಮಾಡಿದ ಮೇಲೂ, ಇದೆಂಥ ಕೆಲಸವೆಂದು ಅವರ ತಾಯಿ ಮೂಗು ಮುರಿಯುವುದನ್ನು ಬಿಟ್ಟಿರಲಿಲ್ಲ. ಅಕ್ಕನವರದು ಒಂದು ಕಟ್ಟುನಿಟ್ಟು. ಚಿತ್ರೀಕರಣದಲ್ಲಿ ತೊಡುತ್ತಿದ್ದ ಟೋಪಿಯನ್ನು ಸಂಕಲನದ ಕೋಣೆಯ ಹೊರಗೆ ಮೊಳೆಗೆ ನೇತುಹಾಕಿಯೇ ಒಳಗೆ ಕಾಲಿಡುತ್ತಿದ್ದರು. ಹೆತ್ತವರಿಗೆ ಹೆಗ್ಗಣ ಮುದ್ದು, ಆದ್ದರಿಂದ ಕ್ಯಾಮೆರಾದವಳು ಹೊರಗೇ ಇರಲಿ ಎಂಬುದು ಅವರ ವಾದ. ಶಿಷ್ಯರ ಮುದ್ದಿನ ಶಾಟುಗಳಿಗೂ ಅಲ್ಲಿ ಕರುಣೆಯಿರಲಿಲ್ಲ; ಆದರೆ ಕತ್ತರಿಸಿದ ಮೇಲೆ ತಾವೇ ಚಹಾ ತಂದು, ಆ ಶಿಷ್ಯನ ಮುಖ ತಿಳಿಯಾಗುವವರೆಗೆ ಪಕ್ಕದಲ್ಲಿ ಕೂತಿರುತ್ತಿದ್ದರು.

ಆ ಕಟ್ಟುನಿಟ್ಟು ಒಮ್ಮೆ ಅವರ ಕರುಳಿಗೇ ಬಂತು. ಬಸ್ ನಿಲ್ದಾಣದಲ್ಲಿ ನಾಯಕಿ ಕಾದು ಕೂರುತ್ತಾಳೆ, ಯಾರೂ ಬರುವುದಿಲ್ಲ. ಚಿತ್ರದ ಜೀವವೇ ಆ ದೃಶ್ಯ. ಅಂದು ಮಗಳಿಗೆ ಊಟ ತಂದಿದ್ದ ತಾಯಿ ಏನೂ ತಿಳಿಯದೆ ಚೌಕಟ್ಟಿನೊಳಗೆ ನಡೆದುಬಂದು, ಕ್ಯಾಮೆರಾದ ಹಿಂದೆ ಮಗಳನ್ನು ಕಂಡು ನೇರವಾಗಿ ನೋಡಿ ನಕ್ಕುಬಿಟ್ಟರು. ಇಷ್ಟು ಸಹಜವಾದ ನಗು ಸಿಗದೆಂದು ನಿರ್ದೇಶಕರು ಹಿಗ್ಗಿದರು. ಸಂಕಲನದ ಹೊತ್ತಿಗೆ ತಾಯಿ ತೀರಿಕೊಂಡಿದ್ದರು. ಅವರು ನಡೆದಾಡುವ ಚಿತ್ರ ಬೇರೊಂದಿರಲಿಲ್ಲ.

“ಇದೊಂದು ಬಿಟ್ಬಿಡೇ ಅಕ್ಕ,” ಎಂದು ಪಕ್ಕದಲ್ಲಿ ಕೂತಿದ್ದ ಅವರ ತಮ್ಮ ಅಂಗಲಾಚಿದ.

ಅಕ್ಕನವರು ಕತ್ತರಿ ಕೈಗೆತ್ತಿಕೊಂಡರು. “ಇಲ್ಲಿ ಯಾರೂ ಬರಬಾರದು ಕಣೋ. ಅಮ್ಮ ಬಂದುಬಿಟ್ಟಿದಾಳೆ,” ಎಂದರು. ಕತ್ತರಿಸಿದ ತುಂಡನ್ನು ತಮ್ಮನ ಕೈಗಿಟ್ಟು, ಹೊರಗೆ ಹೋಗಿ ಟೋಪಿಯಲ್ಲಿ ಮುಖ ಹುದುಗಿಸಿ ಅತ್ತರು.

ತಮ್ಮ ಅಕ್ಕನೊಡನೆ ಮಾತು ಬಿಟ್ಟ. ಚಿತ್ರ ತೆರೆಕಂಡಾಗ ಮಾತ್ರ ಅಕ್ಕನ ಪಕ್ಕದಲ್ಲೇ ಬಂದು ಕೂತ. ಖಾಲಿ ನಿಲ್ದಾಣ ತೆರೆಯ ಮೇಲೆ ಬಂದಾಗ ಇಡೀ ಚಿತ್ರಮಂದಿರ ಉಸಿರು ಬಿಗಿಹಿಡಿಯಿತು. ಅವನು ಅಕ್ಕನ ಕೈ ಹಿಡಿದುಕೊಂಡ. ಚಿತ್ರ ಮುಗಿದು ದೀಪ ಹತ್ತಿದರೂ ಬಿಡಲಿಲ್ಲ.

ಆ ತುಂಡನ್ನು ಆತ ಜೋಪಾನವಾಗಿ ಇಟ್ಟಿದ್ದ. ಮೊನ್ನೆ ಬೀಳ್ಕೊಡುಗೆಗೆಂದು ನಾವು ಅದನ್ನು ಸಂಕಲನದ ಕೋಣೆಯ ಪರದೆಗೆ ಹಾಕಿ ಅಕ್ಕನವರನ್ನು ಕರೆದೆವು. ಬಾಗಿಲಲ್ಲಿ ಅವರ ಕೈ ಎಂದಿನಂತೆ ಟೋಪಿಗೆ ಹೋಯಿತು.

“ಇವತ್ತು ಹಾಕ್ಕೊಂಡೇ ಬಾ,” ಎಂದ ತಮ್ಮ.

ತಾಯಿ ನಡೆದುಬಂದರು, ಮಗಳನ್ನು ಕಂಡರು, ನಕ್ಕರು. ಅಕ್ಕನವರು ಕಣ್ಣೊರೆಸಿಕೊಂಡು, ಫೋಕಸ್ ಸ್ವಲ್ಪ ಜಾರಿದೆ ಎಂದು ಗೊಣಗಿದರು. ಮತ್ತೊಮ್ಮೆ ಹಾಕಿಸಿ ನೋಡಿದರು.

ಅಕ್ಕನವರು ನೂರ್ಕಾಲ ಬಾಳಲಿ, ಕ್ಯಾಮೆರಾ ಅವರ ಹೆಗಲಲ್ಲೇ ಇರಲಿ. ಬಾಗಿಲಾಚೆಯ ಆ ಮೊಳೆಯನ್ನು ನಾವು ಕಿತ್ತುಹಾಕಿದ್ದೇವೆ.