ಗಂಜಿ ಪಾತ್ರೆಯ ಜಾಗ

ಬೈಂದೂರಿಗೆ ಹೊರಟವನು ಕುಂದಾಪುರದ ಹೊಳೆದಂಡೆಯಲ್ಲೇ ಇಳಿದುಬಿಟ್ಟೆ. ಎಂದೋ ಮುಚ್ಚಿದ ಹಂಚಿನ ಕಾರ್ಖಾನೆಯೊಂದನ್ನು ಉಳಿಸಿಕೊಳ್ಳಲು ಗೆಳತಿ ವೀಣಾ ಅದರ ಗೋಡೆಗೋಡೆಯನ್ನೂ ಅಳೆದು ನಕ್ಷೆ ಬರೆಯುತ್ತಿದ್ದಾಳೆ. ಮೆಟ್ಟಿಲು ಹತ್ತಿ ಹಂಚು ಸುಡುವ ಭಟ್ಟಿಯ ನೆತ್ತಿಗೆ ಹೋದೆವು. ಅಂಗಳದಷ್ಟು ಅಗಲ. ಮಣ್ಣಿನ ಗಾರೆಯ ತುಂಬ ಪಾತ್ರೆಯ ತಳದಷ್ಟು ದುಂಡನೆಯ ತಗ್ಗುಗಳು. ಸಮ ಮಾಡುವುದೆಂದರೆ ನಮ್ಮವರಿಗೆ ಎಲ್ಲಿಲ್ಲದ ಉತ್ಸಾಹ. ಅವನ್ನು ಮುಚ್ಚಲು ಮೇಸ್ತ್ರಿ ಆಗಲೇ ಕರಣೆ ಹಿಡಿದು ಕೂತಿದ್ದರು.

ಅಷ್ಟರಲ್ಲಿ ಕೆಲಸದವರಿಗೆ ಗಂಜಿ ಹಿಡಿದು ಗಿರಿಜಕ್ಕ ಮೇಲೆ ಬಂದರು. ಹರೆಯದಲ್ಲಿ ಇಲ್ಲೇ ಹಂಚು ಹೊತ್ತವರು.

"ಹ್ವಾಯ್, ಎಂತ ಮಾಡ್ತ್ರಿ? ಅದ್ ಮುಚ್ಬೇಡಿ! ಅದ್ ನಮ್ ಅಬ್ಬಿ ಜಾಗ, ಇದ್ ನಂದ್. ಬೆಳಿಗ್ಗೆ ಗಂಜಿ ಪಾತ್ರಿ ಇಲ್ಲಿಟ್ರೆ ಮಧ್ಯಾಹ್ನ ಉಂಬುಕೆ ಬಿಸಿ ಇರ್ತಿತ್."

ತಾಯಿಗೊಂದು, ಮಗಳಿಗೊಂದು, ಕೆಲಸಕ್ಕೆ ಬಂದ ಒಬ್ಬೊಬ್ಬರಿಗೂ ಒಂದೊಂದು ತಗ್ಗು. ಉರಿಯುವ ಬೆಂಕಿಯ ಮೇಲೆ ಒಂದು ಊರೇ ಊಟಕ್ಕೆ ಜಾಗ ಹಿಡಿದಿತ್ತು! ಕಾಲು ಎಲ್ಲಿಡುವುದೆಂದು ತಿಳಿಯದೆ ನಿಂತೆ. ಮೇಸ್ತ್ರಿ ಕರಣೆ ಕೆಳಗಿಟ್ಟರು.

ಗಿರಿಜಕ್ಕ ತಾವು ತಂದ ಹಿಡಿಕೆಯ ಗಂಜಿಪಾತ್ರೆಯನ್ನು ತಮ್ಮದೇ ತಗ್ಗಿನಲ್ಲಿಟ್ಟು ಮಾತಿಗೆ ಕೂತರು. ಅದರಲ್ಲಿದ್ದದ್ದು ತಣ್ಣನೆಯ ಗಂಜಿ. ಭಟ್ಟಿಯ ಬೆಂಕಿಯೂ ಆರಿ ಎಷ್ಟೋ ವರ್ಷಗಳಾಗಿವೆ. ಆದರೂ ಬಡಿಸಲು ಎದ್ದಾಗ ಅವರು ಸೆರಗನ್ನು ಮಡಚಿ, ಕೈ ಸುಡದ ಹಾಗೆ ಹಿಡಿಕೆಗೆ ಸುತ್ತಿ, ಪಾತ್ರೆಯನ್ನು ಎತ್ತಿದರು.