ಸೂಜಿ ಅತ್ತಿಗೆಯ ಕೈ

ಎತ್ತರ ನಾಲ್ಕೂ ಮುಕ್ಕಾಲು ಅಡಿ. ತೂಕ, ಚಪ್ಪಲಿಯೂ ಸೇರಿ, ಒಂದು ಹಳೆಯ ದಪ್ಪ ಟಿ.ವಿ.ಯಷ್ಟು. ಸೀಸೆಯ ತಳದಂಥ ಕನ್ನಡಕ, ಅದರ ಒಂದು ಕಡ್ಡಿಗೆ ತಾಮ್ರದ ತಂತಿಯ ಕಟ್ಟು. ಮುಂದಿನ ಹಲ್ಲು ಒಂದು ಕಮ್ಮಿ. ವಯಸ್ಸು ಐವತ್ತಾರು. ಮದುವೆಯಾಗಿಲ್ಲ. ಮಾತು ಅಪರೂಪ, ಆಡಿದರೆ ಚುಚ್ಚು. ಹೊರಗಿನ ಕವಚ ನೋಡಿ ಬೆಲೆ ಕಟ್ಟುವವನು ಗುಜರಿಗೆ ಹಾಕಿ ಎಂದುಬಿಡುತ್ತಿದ್ದ. ಆದರೆ ಹಳೇ ಸಾಮಾನಿನ ವ್ಯಾಪಾರದಲ್ಲಿ ಮೊದಲ ಪಾಠವೇ ಮುಚ್ಚಳ ಬಿಚ್ಚದೆ ಬೆಲೆ ಹೇಳಬಾರದು ಎಂಬುದು. ಈ ಸರಕಿನೊಳಗೆ ಇದ್ದದ್ದು ಒಂದು ಜೊತೆ ಕೈ. ಅಕ್ಕಿಕಾಳಿನಷ್ಟು ಜಾಗದಲ್ಲಿ ಎಂಟು ಬೆಸುಗೆ ಹಾಕಿ, ಒಂಬತ್ತನೆಯದಕ್ಕೆ ಜಾಗ ಉಳಿಸುತ್ತಿದ್ದ ಕೈ.

ಆಕೆ ಸಾಹುಕಾರನ ಹೆಂಡತಿಯ ಅಕ್ಕ. ಸಾಹುಕಾರ ಎಂದರೆ ಬಸ್ ನಿಲ್ದಾಣದ ಹಿಂದಿನ ಬೀದಿಯಲ್ಲಿ ಹಳೆಯ ಟಿ.ವಿ., ರೇಡಿಯೋ, ವಿಡಿಯೋ ಗೇಮ್ ಯಂತ್ರಗಳನ್ನು ಕೊಂಡು ಮಾರುವವನು. ಇದನ್ನು ಬರೆಯುತ್ತಿರುವವನೂ ಅವನೇ. ತನ್ನನ್ನು ‘ನಾನು’ ಎಂದು ಕರೆದುಕೊಂಡ ಕೂಡಲೇ ಮನುಷ್ಯ ತನಗೇ ರಿಯಾಯಿತಿ ಕೊಡಲು ಶುರುಮಾಡುತ್ತಾನೆ. ಆದ್ದರಿಂದ ಇಲ್ಲಿ ಅವನು ಸಾಹುಕಾರನಾಗಿಯೇ ಇರಲಿ.

ಅತ್ತಿಗೆ ಇಪ್ಪತ್ತಾರು ವರ್ಷ ಕಿವುಡರ ಕಿವಿಗೆ ಇಡುವ ಯಂತ್ರದ ಕಾರ್ಖಾನೆಯಲ್ಲಿ ಭೂತಗನ್ನಡಿಯ ಕೆಳಗೆ ಬೆಸುಗೆ ಹಾಕಿದವಳು. ಕಾರ್ಖಾನೆ ಬಾಗಿಲು ಹಾಕಿತು. ಹೆಂಡತಿ ಅಕ್ಕನನ್ನು ಕರೆತಂದು ಅಂಗಡಿಯ ಮೇಲಿನ ಕೋಣೆಯಲ್ಲಿ ಇಳಿಸಿದಳು. ಸಾಹುಕಾರ ಒಂದು ವಾರ ಮುಖ ಗಂಟಿಕ್ಕಿಕೊಂಡು ಓಡಾಡಿದ. ಎಂಟನೆಯ ದಿನ, ಎಲ್ಲರೂ ಸತ್ತಿತೆಂದು ಕೈಬಿಟ್ಟಿದ್ದ ಒಂದು ರೇಡಿಯೋ ಅತ್ತಿಗೆಯ ಮೇಜಿನ ಮೇಲೆ ಹಾಡತೊಡಗಿತು. ಸಾಹುಕಾರನ ಮುಖವೂ ಹೂವಿನಂತೆ ಅರಳಿತು. ವ್ಯಾಪಾರಿಯ ಮುಖ ಅರಳುವುದಕ್ಕೆ ಹೆಚ್ಚಿನ ಬಿಸಿಲೇನೂ ಬೇಕಾಗುವುದಿಲ್ಲ.

ಅಂಗಡಿಗೆ ಹೆಸರು ತಂದದ್ದು ಮಾತ್ರ ಕಪ್ಪು ಡಬ್ಬಗಳು. ಇಪ್ಪತ್ತು ವರ್ಷ ಹಿಂದಿನ ಗೇಮ್ ಯಂತ್ರ, ಇಟ್ಟಿಗೆಯಂತೆ ಭಾರ. ಮಾಡಿದ ಕಂಪನಿಯೇ ಅದನ್ನು ಮರೆತಿದೆ, ಆದರೆ ಹಾಕಿದ ಬೀಗವನ್ನು ತೆಗೆದಿಲ್ಲ. ಕಂಪನಿಯ ಡಿಸ್ಕ್ ಬಿಟ್ಟು ಬೇರೆ ಯಾವುದನ್ನು ಹಾಕಿದರೂ ಅದು ಮೂಸಿಯೂ ನೋಡುವುದಿಲ್ಲ. ಆ ಬೀಗ ತೆಗೆದು ಬೇರೆ ಸಾಫ್ಟ್‌ವೇರ್ ಕೂರಿಸಿದರೆ ಅದೇ ಡಬ್ಬ ಹಳೆಯ ಆಟಗಳನ್ನೆಲ್ಲ ಆಡಿಸುತ್ತದೆ, ಸಿನಿಮಾ ತೋರಿಸುತ್ತದೆ, ಹಳೇ ಹಾರ್ಡ್ ಡಿಸ್ಕ್ ಕೆಟ್ಟರೆ ಹೊಸದನ್ನು ಒಪ್ಪಿಕೊಳ್ಳುತ್ತದೆ. ಯಾರೋ ಗಿರಾಕಿ ತಂದುಕೊಟ್ಟ ಒಂದು ಕಟ್ಟು ಕಾಗದವನ್ನು ಅತ್ತಿಗೆ ಎರಡು ತಿಂಗಳು ಅಕ್ಷರ ಬಿಡದೆ ಓದಿ ಈ ವಿದ್ಯೆ ಕಲಿತಳು. ಆಮೇಲೆ ಬೀದಿ ಆಕೆಗೆ ‘ಸೂಜಿ ಅಕ್ಕ’ ಎಂದು ಹೆಸರಿಟ್ಟಿತು.

ಸೂಜಿ ಅಕ್ಕನದೊಂದು ಹಟವಿತ್ತು. ಆ ಡಬ್ಬದ ಹಾರ್ಡ್ ಡಿಸ್ಕಿಗೂ ಬೋರ್ಡಿಗೂ ಒಂದು ಗುಟ್ಟಿನ ಮಾತಿನ ನಂಟು. ಗುಟ್ಟು ಇರುವುದು ಬೋರ್ಡಿನ ಮೇಲಿನ ಎಂಟು ಕಾಲಿನ ಒಂದು ಚಿಪ್‌ನಲ್ಲಿ. ಆ ಚಿಪ್ ಸತ್ತರೆ ಡಿಸ್ಕ್ ಯಾರಿಗೂ ಬಾಯಿ ಬಿಡುವುದಿಲ್ಲ. ಆದ್ದರಿಂದ ಮೊದಲ ಕೆಲಸವೆಂದರೆ ಚಿಪ್‌ನ ಕಾಲುಗಳಿಗೆ ಕೂದಲೆಳೆಯಂಥ ನಾಲ್ಕು ತಂತಿ ಬೆಸೆಯುವುದು, ಅವುಗಳ ಇನ್ನೊಂದು ತುದಿಯನ್ನು ಕಂಪ್ಯೂಟರಿಗೆ ಕಟ್ಟಿದ ಸಣ್ಣ ಪಟ್ಟಿಗೆ ಸಿಕ್ಕಿಸಿ ಗುಟ್ಟನ್ನು ಓದುವುದು. ಮೂವತ್ತೆರಡು ಅಕ್ಷರ. ಕಂಪ್ಯೂಟರಿನಲ್ಲಿ ಉಳಿದರೂ ಅತ್ತಿಗೆಗೆ ಸಮಾಧಾನವಿಲ್ಲ, ನೋಟ್‌ಬುಕ್ಕಿನಲ್ಲಿ ಬರೆದು ಎರಡು ಸಲ ಗಟ್ಟಿಯಾಗಿ ಓದಬೇಕು.

“ಅತ್ತಿಗೆ, ಮಗ್ಗಿ ಮುಗೀತಾ?” ಎಂದು ಸಾಹುಕಾರ ಕೂಗುವನು.

“ನೀವು ಮಗ್ಗಿ ಕಲಿತಿದ್ರೆ ಗಿರಾಕಿಗೆ ಚಿಲ್ಲರೆ ಸರಿಯಾಗಿ ಕೊಡ್ತಿದ್ರಿ” ಎಂದು ಒಳಗಿನಿಂದ ಉತ್ತರ ಬರುವುದು.

ಸಾಹುಕಾರನಿಗೂ ಒಂದು ಬಾಣ ಸಿಕ್ಕಿತು. ಬೆಸುಗೆ ಹಾಕುವ ಅತ್ತಿಗೆಯ ಎಡಗೈ ಗಾಳಿಯಲ್ಲಿ ಚಾಚಿದರೆ ಸಣ್ಣಗೆ ನಡುಗುತ್ತಿತ್ತು. ಮಣಿಕಟ್ಟನ್ನು ಒಂದು ಪುಟ್ಟ ಮರಳುಚೀಲದ ಮೇಲಿಟ್ಟರೆ ಗೋಡೆಯಂತೆ ನಿಲ್ಲುತ್ತಿತ್ತು. ಕೆಲಸಕ್ಕೇನೂ ಅಡ್ಡಿಯಿರಲಿಲ್ಲ. ಆದರೆ ಟೀ ಲೋಟ ತೆಗೆದುಕೊಳ್ಳುವಾಗ ಅದು ತಟ್ಟೆಯ ಮೇಲೆ ಕಿಣಿಕಿಣಿ ಎನ್ನುವುದು. ಆಗ ಸಾಹುಕಾರ ಗಿರಾಕಿಗಳ ಕಡೆ ತಿರುಗಿ, “ನಮ್ಮ ಅತ್ತಿಗೆ ಕೈ ಯಾವಾಗಲೂ ವೈಬ್ರೇಶನ್‌ನಲ್ಲೇ ಇರುತ್ತೆ, ಫೋನ್ ಬಂದ್ರೂ ಗೊತ್ತಾಗಲ್ಲ” ಎನ್ನುವನು. ಗಿರಾಕಿಗಳು ನಗುವರು. ಅತ್ತಿಗೆ ಲೋಟವನ್ನು ಬಲಗೈಗೆ ಬದಲಾಯಿಸುವಳು.

ಹೀಗಿರುವಾಗ ಒಂದು ಗುರುವಾರ ಲೆಕ್ಕದ ಮೇಷ್ಟ್ರು ಬಂದರು. ಕಂಕುಳಲ್ಲಿ ಬಟ್ಟೆ ಸುತ್ತಿದ ಕಪ್ಪು ಡಬ್ಬ.

“ಒಳಗೆ ಟಿಕ್ ಟಿಕ್ ಅಂತಿದೆ” ಎಂದರು.

ಅತ್ತಿಗೆ ಕಿವಿ ಇಟ್ಟು ಕೇಳಿದಳು. “ಡಿಸ್ಕು ಹೋಗೋ ಕಾಲ. ಹೊಸದಕ್ಕೆ ಎಲ್ಲಾ ದಾಟಿಸ್ಬೇಕು. ಒಳಗೆ ಏನಿದೆ?”

“ಫುಟ್‌ಬಾಲ್. ನಾನು, ನನ್ನ ತಮ್ಮ. ಹತ್ತೊಂಬತ್ತು ವರ್ಷದ ಪಂದ್ಯಗಳು. ಪ್ರತಿ ಭಾನುವಾರ.”

“ಅಷ್ಟೊಂದು ಪ್ರೀತಿನಾ ಸಾರ್?” ಎಂದ ಸಾಹುಕಾರ.

“ಪ್ರೀತಿ ಎಲ್ಲಿಂದ ಬರ್ಬೇಕು? ಅಪ್ಪನ ಮನೆ ಪಾಲಾದ ಮೇಲೆ ನಾವು ಮಾತಾಡಿಲ್ಲ. ಬರ್ತಾನೆ, ಆಡ್ತಾನೆ, ಹೋಗ್ತಾನೆ. ಈಗ ನಾನು ಹನ್ನೊಂದು ಪಂದ್ಯ ಮುಂದಿದ್ದೀನಿ. ಅದು ಅಳಿಸಿಹೋದ್ರೆ ಅವನು ಒಪ್ಕೋತಾನಾ? ಭಾನುವಾರದೊಳಗೆ ಬೇಕು.”

“ಭಾನುವಾರ ಯಾಕೆ, ಶನಿವಾರ ಬನ್ನಿ” ಎಂದು ಸಾಹುಕಾರ ಮಾತು ಕೊಟ್ಟ. ಕೈ ಅತ್ತಿಗೆಯದು, ಮಾತು ತನ್ನದು. ಮಾತಿಗೇನು ಖರ್ಚು?

ಮೊದಲೇ ಒಪ್ಪಿಕೊಂಡಿದ್ದ ಎರಡು ಡಬ್ಬ ಮುಗಿಯದೆ ಅತ್ತಿಗೆ ಇದನ್ನು ಮುಟ್ಟಲಿಲ್ಲ. ಶನಿವಾರ ಬೆಳಿಗ್ಗೆ ಬಿಚ್ಚಿದಳು. ಹತ್ತು ಗಂಟೆಗೆ ಸಾಹುಕಾರ ಬಂದು ಮೇಜಿನ ಎದುರು ನಿಂತ.

“ಇನ್ನೂ ತಂತಿನೇ ಹಾಕ್ತಿದ್ದೀರಾ? ಮಧ್ಯಾಹ್ನ ಮೇಷ್ಟ್ರು ಬಂದು ನಿಂತ್ಕೋತಾರೆ.”

“ಮಾತು ಕೊಟ್ಟೋರು ನೀವು. ನೀವೇ ಬಂದು ಮಾಡಿ.”

“ಮಾಡೋಕೆ ಇದೇನು ಬ್ರಹ್ಮವಿದ್ಯೆನಾ? ಸಿಕ್ಕಿಸೋದು, ಓದೋದು. ನೂರು ಸಲ ನೋಡಿದೀನಿ.”

“ನೋಡಿದ್ರೆ ಬರೋ ಹಾಗಿದ್ರೆ ನಾಯಿ ಕಟುಕನಾಗ್ತಿತ್ತು” ಎಂದಳು ಅತ್ತಿಗೆ. ನಾಲ್ಕನೆಯ ತಂತಿಯನ್ನು ಬೆಸೆದು, ಕನ್ನಡಕ ತೆಗೆದು ಮೇಜಿನ ಮೇಲಿಟ್ಟಳು. ದಿನಕ್ಕೆ ಎರಡು ಸಲ ಕಣ್ಣಿಗೆ ಔಷಧಿ ಬಿಟ್ಟು ಹತ್ತು ನಿಮಿಷ ಮಲಗಬೇಕು ಎಂಬುದು ಕಣ್ಣಿನ ಡಾಕ್ಟರ ಅಪ್ಪಣೆ. ಗೋಡೆ ಹಿಡಿದುಕೊಂಡು ಮೆಟ್ಟಿಲು ಹತ್ತಿದಳು.

ಹತ್ತು ನಿಮಿಷ. ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ ಎನ್ನುತ್ತಾರೆ. ದೊಣ್ಣೆಗೆ ಅಷ್ಟೂ ಬೇಕಾಗಲಿಲ್ಲ.

ಸಾಹುಕಾರ ಅತ್ತಿಗೆಯ ಸ್ಟೂಲಿನ ಮೇಲೆ ಕುಳಿತ. ಆ ಕೆಲಸವನ್ನು ಅವನು ನೂರು ಸಲ ನೋಡಿದ್ದು ಸುಳ್ಳಲ್ಲ. ಆದರೆ ನೂರು ಸಲವೂ ಮೇಜಿನ ಆಚೆ ಬದಿಯಲ್ಲಿ, ಅತ್ತಿಗೆಗೆ ಎದುರಾಗಿ ನಿಂತು ನೋಡಿದ್ದ. ಅವಳ ಎಡ ಅವನಿಗೆ ಬಲ. ಕಣ್ಣಲ್ಲಿ ಇದ್ದ ಚಿತ್ರವನ್ನು ಹಾಗೆಯೇ ಇಳಿಸಿ, ನಾಲ್ಕು ತಂತಿಗಳನ್ನೂ ತಿರುವುಮುರುವಾಗಿ ಸಿಕ್ಕಿಸಿದ. ಕರೆಂಟ್ ಹೋಗಬೇಕಾದ ಕಾಲು ಬೇರೆ, ಹೋದ ಕಾಲು ಬೇರೆ. ಹೊಗೆಯಿಲ್ಲ, ವಾಸನೆಯಿಲ್ಲ. ಪರದೆಯ ಮೇಲೆ ಸಾಲಾಗಿ ಸೊನ್ನೆಗಳು ಬಂದವು. ಆಗ ಅವನಿಗೆ ಎಡಬಲ ಹೊಳೆಯಿತು. ತೆಗೆದು ಸರಿಯಾಗಿ ಸಿಕ್ಕಿಸಿದ. ಮತ್ತೂ ಸೊನ್ನೆ, ಚಿಪ್ ಸತ್ತಿತ್ತು. ಪರದೆ ಆರಿಸಿದ, ತಂತಿಗಳನ್ನು ಮೊದಲು ಬಿದ್ದುಕೊಂಡಿದ್ದ ಹಾಗೆಯೇ ಮಲಗಿಸಿದ, ಹೋಗಿ ಗಲ್ಲಾಪೆಟ್ಟಿಗೆಯ ಮುಂದೆ ಕುಳಿತು ಪೇಪರು ಬಿಡಿಸಿದ.

ಅತ್ತಿಗೆ ಇಳಿದು ಬಂದಳು, ಸಿಕ್ಕಿಸಿದಳು, ಓದಿಸಿದಳು. ಸೊನ್ನೆ. ಮೂರು ಸಲ ಓದಿಸಿದಳು. ಆಮೇಲೆ ಭೂತಗನ್ನಡಿಗೆ ಕಣ್ಣಿಟ್ಟು ಬಹಳ ಹೊತ್ತು ಕುಳಿತಳು.

“ಇಲ್ಲಿ ಬನ್ನಿ ಸ್ವಲ್ಪ. ಎರಡನೇ ಕಾಲಿಗೂ ಮೂರನೇ ಕಾಲಿಗೂ ಮಧ್ಯೆ ತವರ ಒಂದೆಳೆ ಹರಿದು ಎರಡನ್ನೂ ಸೇರಿಸಿಬಿಟ್ಟಿದೆಯಾ? ನನಗೆ ಕಂಡ ಹಾಗೂ ಇದೆ, ಇಲ್ಲದ ಹಾಗೂ ಇದೆ.”

ಸಾಹುಕಾರ ಬಗ್ಗಿ ನೋಡಿದ. ಎಂಟು ಕಾಲೂ ತೊಳೆದಿಟ್ಟ ಹಾಗಿದ್ದವು. ಎಳೆಯೂ ಇರಲಿಲ್ಲ, ಏನೂ ಇರಲಿಲ್ಲ.

“ಹೌದು ಅತ್ತಿಗೆ, ಏನೋ ಇದ್ದ ಹಾಗಿದೆ” ಎಂದ.

ಅತ್ತಿಗೆ ತನ್ನ ಎಡಗೈಯನ್ನು ಬಲಗೈಯಿಂದ ಹಿಡಿದುಕೊಂಡಳು. ತಪ್ಪು ಮಾಡಿದ ಮಗುವನ್ನು ತಾಯಿ ರಟ್ಟೆ ಹಿಡಿದು ನಿಲ್ಲಿಸಿಕೊಳ್ಳುವ ಹಾಗೆ.

ಮಧ್ಯಾಹ್ನ ಮೇಷ್ಟ್ರು ಬಂದರು. ಅಂಗಡಿಯಲ್ಲಿ ನಾಲ್ಕಾರು ಜನ ಇದ್ದರು. ವಿಷಯ ಕೇಳಿ ಮೇಷ್ಟ್ರು ಮೊದಲು ನಂಬಲಿಲ್ಲ. ಆಮೇಲೆ ಒಂದೇ ಪ್ರಶ್ನೆ ಕೇಳಿದರು: “ಯಾರ ಕೈ?”

ಕುಂಬಳಕಾಯಿ ಕಳ್ಳ ಎಂದರೆ ಕದ್ದವನು ಹೆಗಲು ಮುಟ್ಟಿ ನೋಡಿಕೊಳ್ಳುತ್ತಾನೆ ಎಂಬುದು ಗಾದೆ ಮಾಡಿದವರ ಭೋಳೇತನ. ಕದ್ದವನು ರಸೀದಿ ಪುಸ್ತಕವನ್ನು ನೆಟ್ಟಗೆ ಜೋಡಿಸುತ್ತಿದ್ದ. ಹೆಗಲು ಮುಟ್ಟಿಕೊಂಡವಳು ಬೇರೆ.

“ನಂದೇ” ಎಂದಳು ಅತ್ತಿಗೆ.

“ಚಾಚಿ ನೋಡೋಣ.”

ಮೂವತ್ತು ವರ್ಷ ಮಕ್ಕಳ ಕೈ ಚಾಚಿಸಿದ ದನಿ ಅದು. ಐವತ್ತಾರು ವರ್ಷದ ಹೆಂಗಸು ಅಂಗಡಿಯ ನಡುವೆ ಎಡಗೈ ಚಾಚಿ ನಿಂತಳು. ಮರಳುಚೀಲ ಒಳಗೆ ಮೇಜಿನ ಮೇಲಿತ್ತು. ಕೈ ಎಲೆಯಂತೆ ಅದುರಿತು.

“ನೋಡ್ರಪ್ಪ” ಎಂದರು ಮೇಷ್ಟ್ರು, ತರಗತಿಗೆ ತೋರಿಸುವ ಹಾಗೆ ಸುತ್ತ ತಿರುಗಿ. “ಈ ಕೈಗೆ ನಾನು ಹತ್ತೊಂಬತ್ತು ವರ್ಷ ಕೊಟ್ಟೆ. ಸ್ಪೂನು ಹಿಡಿಯೋಕೆ ಬರಲ್ಲ, ಕಾದ ಕಬ್ಬಿಣ ಹಿಡಿಯೋಕೆ ಕೂರಿಸಿದ್ದಾರೆ.”

ಯಾರೋ ಕಿಸಕ್ಕೆಂದರು. “ವೈಬ್ರೇಶನ್” ಎಂದು ಇನ್ನೊಬ್ಬರು ಪಿಸುಗುಟ್ಟಿದ್ದು ಎಲ್ಲರಿಗೂ ಕೇಳಿಸಿತು. ಸಾಹುಕಾರನೇ ಹಂಚಿದ ಜೋಕು, ಈಗ ಊರ ಸ್ವತ್ತು. ಮೇಷ್ಟ್ರು ಕೈ ಇಳಿಸಿ ಎನ್ನಲಿಲ್ಲ. ಅತ್ತಿಗೆಯೂ ಇಳಿಸಲಿಲ್ಲ.

ಸಾಹುಕಾರ ಆ ಹೊತ್ತಿನಲ್ಲಿ ಆಡಬೇಕಿದ್ದದ್ದು ಎರಡೇ ಪದ, ‘ನನ್ನ ಕೈ’. ಅವನು ಆಡಿದ್ದು ಇದು: “ವಯಸ್ಸಾಯ್ತು ಸಾರ್ ಅವರಿಗೆ. ನಾನೇ ನಿಗಾ ಇಡ್ಬೇಕಿತ್ತು. ದೊಡ್ಡ ಮನಸ್ಸು ಮಾಡಿ, ಬೇರೆ ಡಬ್ಬ ಕೊಡ್ತೀನಿ.” ಎಷ್ಟು ದೊಡ್ಡ ಗುಣದ ಯಜಮಾನ ಎಂದು ಜನ ತಲೆದೂಗಿದರು. ಮೇಷ್ಟ್ರು ಆ ಬೇರೆ ಡಬ್ಬ ಮುಟ್ಟದೆ, ತಮ್ಮದನ್ನೇ ಎತ್ತಿಕೊಂಡು ಹೋದರು. ಟಿಕ್ ಟಿಕ್ ಡಿಸ್ಕನ್ನು ಅವರು ಮೂರು ಊರಿಗೆ ಹೊತ್ತರೂ ಅದು ಬಾಯಿ ಬಿಡಲಿಲ್ಲ ಎಂದು ಆಮೇಲೆ ತಿಳಿಯಿತು.

ಅಂದೇ ಸಂಜೆ ಅತ್ತಿಗೆ ಬೆಸುಗೆ ಕಬ್ಬಿಣವನ್ನು ಒರೆಸಿ, ತುದಿಗೆ ತವರ ಹಚ್ಚಿ, ಡಬ್ಬಿಯಲ್ಲಿಟ್ಟು ತಂದುಕೊಟ್ಟಳು.

“ತುಕ್ಕು ಹಿಡಿಯಲ್ಲ. ಬೇರೆಯವರನ್ನ ಕೂರಿಸ್ಕೊಳ್ಳಿ.”

ಬೇರೆಯವನು ಬಂದ. ಶಿಳ್ಳೆ ಹೊಡೆಯುತ್ತ ಮೂರು ಡಬ್ಬಗಳನ್ನು ಒಟ್ಟಿಗೇ ಬಿಚ್ಚುತ್ತಾನೆ, ನೋಟ್‌ಬುಕ್ಕು ಎಂದರೆ ನಗುತ್ತಾನೆ. ಮೊದಲ ತಿಂಗಳಲ್ಲೇ ಎರಡು ಬೋರ್ಡು ಸುಟ್ಟ. ಬೈಯಲು ಸಾಹುಕಾರನ ನಾಲಿಗೆ ಏಳಲಿಲ್ಲ. ಹಾಗೆಂದು ಅವನಿಗೆ ನಿದ್ದೆ ಬಾರದೆ ಹೋಯಿತು ಎಂದೇನೂ ತಿಳಿಯಬೇಡಿ. ಚೆನ್ನಾಗಿಯೇ ಬಂತು.

ಹೆಂಡತಿ ಸುಮ್ಮನಿರಲಿಲ್ಲ. ಅಕ್ಕನನ್ನು ನರದ ಡಾಕ್ಟರ ಬಳಿ ಎಳೆದುಕೊಂಡು ಹೋದಳು. ಸಾಹುಕಾರನೂ ಜೊತೆಗೆ ಹೋಗಬೇಕಾಯಿತು. ಡಾಕ್ಟರು ಅತ್ತಿಗೆಯ ಎಡಗೈಗೆ ಪೆನ್ನು ಕೊಟ್ಟು, ಮಣಿಕಟ್ಟನ್ನು ಮೇಜಿಗೆ ಊರಿ ಒಳಗಿಂದ ಹೊರಗೆ ಸುರುಳಿ ಬರೆಯಲು ಹೇಳಿದರು. ಅತ್ತಿಗೆ ಬರೆದ ಸುರುಳಿಯನ್ನು ಅವರು ಬೆಳಕಿಗೆ ಹಿಡಿದು ನೋಡಿದರು.

“ಇದನ್ನ ನನ್ನ ಕೈಯಲ್ಲೂ ಬರೆಯೋಕಾಗಲ್ಲಮ್ಮ. ಇದು ಕಾಯಿಲೆಯಲ್ಲ, ಕೆಲವರ ಮೈಯೇ ಹಾಗೆ. ಟೀ ಕಮ್ಮಿ ಮಾಡಿ. ಇನ್ನೂ ಹತ್ತು ವರ್ಷ ಆರಾಮಾಗಿ ಕೆಲಸ ಮಾಡ್ಬಹುದು.”

ಹೊರಗೆ ಬಂದ ಕೂಡಲೇ ಹೆಂಡತಿ, “ಕೇಳಿದ್ಯಾ ಅಕ್ಕ? ನಾಳೆಯಿಂದ ಕೂತ್ಕೋ. ಏನ್ರೀ, ನೀವಾದ್ರೂ ಹೇಳಿ” ಎಂದಳು.

ಸಾಹುಕಾರ ಬಾಯಿ ತೆರೆದ. ಅಷ್ಟರಲ್ಲಿ ಅತ್ತಿಗೆ ಹೇಳಿದಳು, “ಡಾಕ್ಟರು ಸುರುಳಿ ನೋಡಿದ್ರು. ಆ ಚಿಪ್ ನೋಡಿಲ್ಲ. ಕೆಲಸ ಹಾಳಾಗಿದ್ದು ನಾನೇ ಕಣ್ಣಾರೆ ಕಂಡಿದೀನಿ, ಇವರೂ ಕಂಡಿದ್ದಾರೆ.” ಆಮೇಲೆ ಸಾಹುಕಾರನ ಕಡೆ ತಿರುಗಿದಳು. ಅಷ್ಟು ಮೃದುವಾಗಿ ಆಕೆ ಅವನೊಡನೆ ಎಂದೂ ಮಾತಾಡಿರಲಿಲ್ಲ. “ಅವತ್ತು ನೀವು ನನಗೆ ಒಂದು ಮಾತು ಅನ್ನಲಿಲ್ಲ. ಬೇರೆಯವರಾಗಿದ್ರೆ ಗಂಟುಮೂಟೆ ಬೀದಿಗೆ ಎಸೀತಿದ್ರು. ಅದನ್ನ ನಾನು ಮರೆಯಲ್ಲ.”

ಹೆಂಡತಿ ಗಂಡನನ್ನು ಹೆಮ್ಮೆಯಿಂದ ನೋಡಿದಳು. ಮದುವೆಯಾದ ಮೇಲೆ ಅಂಥ ನೋಟ ಅವನಿಗೆ ಎರಡೋ ಮೂರೋ ಸಲ ಸಿಕ್ಕಿದ್ದೀತು.

“ಬಿಡಿ ಅತ್ತಿಗೆ, ಮನೆಯವರಲ್ವಾ” ಎಂದ ಸಾಹುಕಾರ. ಬಾಯಿಗೆ ಬಂದ ಸರಕನ್ನು ಒಳಗೆಳೆದು ಬಾಗಿಲು ಹಾಕಿಕೊಂಡ.

ಅತ್ತಿಗೆ ಈಗ ಅಂಗಡಿಯ ಬಾಗಿಲ ಪಕ್ಕ ಕುಳಿತು ಹಳೇ ರಿಮೋಟುಗಳ ಗುಂಡಿಗಳನ್ನು ಹತ್ತಿಯಿಂದ ಒರೆಸುತ್ತಾಳೆ. ಒಂದು ಗುಂಡಿ ಬಿಟ್ಟುಹೋದರೂ ಯಾರ ಬದುಕೂ ಮುಳುಗದಂಥ ಕೆಲಸ, ಆಕೆಯೇ ಆರಿಸಿಕೊಂಡದ್ದು. ಬೀದಿಯವರು ಈಗ ‘ನಡುಕದಕ್ಕ’ ಎನ್ನುತ್ತಾರೆ. ಒಳಗೆ ಶಿಳ್ಳೆಯವನು ಬೋರ್ಡನ್ನು ಠಪ್ಪೆಂದು ಕುಕ್ಕಿದಾಗ ಆಕೆಯ ಬೆನ್ನು ಒಮ್ಮೆ ಸೆಟೆಯುತ್ತದೆ, ಮತ್ತೆ ರಿಮೋಟಿನ ಮೇಲೆ ಬಾಗುತ್ತದೆ. ಮಾತಿನಲ್ಲಿ ಚುಚ್ಚು ಉಳಿದಿಲ್ಲ. ಸಾಹುಕಾರ ಏನು ಹೇಳಿದರೂ “ಆಗಲಿ” ಎನ್ನುತ್ತಾಳೆ. ಅವನು ಒಮ್ಮೆ ಬೇಕೆಂದೇ ಚಿಲ್ಲರೆ ತಪ್ಪಾಗಿ ಕೊಟ್ಟು ನೋಡಿದ. ಆಕೆ ತಲೆಯೆತ್ತಲಿಲ್ಲ.

ಮೂರು ವರ್ಷವಾಯಿತು. ಅತ್ತಿಗೆ ಯಂತ್ರದ ಕಾಗದ ಬಿಟ್ಟು ಬೇರೇನನ್ನೂ ಓದುವುದಿಲ್ಲ ಎಂಬ ಧೈರ್ಯದ ಮೇಲೆಯೇ ಇಷ್ಟನ್ನು ಬರೆದದ್ದು. ಆ ತಂತಿಗಳನ್ನು ತಪ್ಪಾಗಿ ಸಿಕ್ಕಿಸಿದವನು ನಾನು. ಇದನ್ನು ಆಕೆಯ ಮುಖ ನೋಡಿ, ಅಂಗಡಿಯಲ್ಲಿ ಜನರಿರುವಾಗ, ನಾನು ಹೇಳಬೇಕಾಗಿದೆ.